ಗೇಮ್ ಹ್ಯಾಂಗ್ ಆದರೆ ಪ್ಲಗ್ ಕೀಳಬೇಡಿ: ಕನ್ಸೋಲ್‌ನಲ್ಲಿ ಗೇಮ್ ಮುಚ್ಚುವ ಸಮಗ್ರ ಮಾರ್ಗದರ್ಶಿ

ಆಟ ಜೋರಾಗಿ ನಡೆಯುತ್ತಿರುವಾಗಲೇ ಪರದೆ ಗಕ್ಕನೆ ನಿಂತುಬಿಡುತ್ತದೆ. ಸ್ಪೀಕರ್‌ನಿಂದ ಒಂದೇ ಸದ್ದು ಎಳೆದುಕೊಂಡು ಬರುತ್ತಿರುತ್ತದೆ. ಯಾವ ಬಟನ್ ಒತ್ತಿದರೂ ಜಪ್ಪಯ್ಯ ಅನ್ನುವುದಿಲ್ಲ. ಆಗ ಹೆಚ್ಚಿನವರ ಕೈ ಸೀದಾ ಹೋಗುವುದು ಗೋಡೆಯ ಸ್ವಿಚ್‌ಗೆ. ಅಲ್ಲಿಗೆ ಹೋಗುವ ಮೊದಲು ಮಾಡಬಹುದಾದ ಕೆಲಸಗಳು ಇನ್ನೂ ಮೂರ್ನಾಲ್ಕು ಇವೆ. ಬಹಳ ಸಲ ಮೊದಲನೆಯದರಲ್ಲೇ ಗೇಮ್ ಮುಚ್ಚಿಕೊಳ್ಳುತ್ತದೆ.

ಇಲ್ಲಿ ಹೇಳುವುದು ಪ್ಲೇಸ್ಟೇಷನ್ 5 ಮತ್ತು 4 (ಮುಂದೆ ಪಿಎಸ್ 5, ಪಿಎಸ್ 4), ಎಕ್ಸ್‌ಬಾಕ್ಸ್ ಸೀರೀಸ್ ಎಕ್ಸ್ ಮತ್ತು ಎಸ್, ಎಕ್ಸ್‌ಬಾಕ್ಸ್ ಒನ್, ನಿಂಟೆಂಡೊ ಸ್ವಿಚ್ ಹಾಗೂ ಸ್ವಿಚ್ 2 ಬಗ್ಗೆ. ಬಟನ್‌ಗಳು ಬೇರೆ ಬೇರೆ, ಆದರೆ ಕ್ರಮ ಎಲ್ಲದಕ್ಕೂ ಒಂದೇ: ಮೊದಲು ಗೇಮ್ ಮುಚ್ಚಿ, ಆಗದಿದ್ದರೆ ಕನ್ಸೋಲ್ ರೀಸ್ಟಾರ್ಟ್ ಮಾಡಿ, ಅದೂ ಆಗದಿದ್ದರೆ ಪವರ್ ಬಟನ್ ಹಿಡಿದು ಆಫ್ ಮಾಡಿ. ಪ್ಲಗ್ ಎಲ್ಲಕ್ಕಿಂತ ಕೊನೆಗೆ.

ನಿಜವಾಗ್ಲೂ ಹ್ಯಾಂಗ್ ಆಗಿದೆಯಾ?

ಮೊದಲು ಒಂದೆರಡು ನಿಮಿಷ ಸುಮ್ನೆ ಕಾಯಿರಿ. ದೊಡ್ಡ ಗೇಮ್ ಹೊಸ ಜಾಗ ಲೋಡ್ ಮಾಡುವಾಗ, ಆಟೋಸೇವ್ ಬರೆಯುವಾಗ ಪರದೆ ಕೆಲ ಹೊತ್ತು ಅಲ್ಲಾಡದೆ ನಿಲ್ಲುವುದುಂಟು. ಆನ್‌ಲೈನ್ ಗೇಮ್ ಆದರೆ ಸರ್ವರ್ ಉತ್ತರಕ್ಕಾಗಿ ಕಾಯುತ್ತಿರಬಹುದು. ಮೂಲೆಯಲ್ಲಿ ಸೇವ್ ಗುರುತು ತಿರುಗುತ್ತಿದ್ದರಂತೂ ಏನನ್ನೂ ಮುಟ್ಟಬೇಡಿ. ಆ ಹೊತ್ತಿನಲ್ಲಿ ಗೇಮ್ ಮುಚ್ಚಿದರೆ ಸೇವ್ ಫೈಲ್ ಅರ್ಧಕ್ಕೇ ನಿಂತು ಕೆಡುವ ಸಾಧ್ಯತೆ ಜಾಸ್ತಿ.

ಆಮೇಲೆ ಕಂಟ್ರೋಲರ್ ನೋಡಿ. ದೀಪ ಆರಿದ್ದರೆ ಹ್ಯಾಂಗ್ ಆಗಿರುವುದು ಗೇಮ್ ಅಲ್ಲ, ಬ್ಯಾಟರಿ ಖಾಲಿ ಅಷ್ಟೆ. ಯುಎಸ್‌ಬಿ ಕೇಬಲ್‌ನಿಂದ ಕನ್ಸೋಲ್‌ಗೆ ಜೋಡಿಸಿ ನೋಡಿ. ಪ್ಲೇಸ್ಟೇಷನ್ ಕಂಟ್ರೋಲರ್ ಕೇಬಲ್ ಹಾಕಿದರೂ ಎಚ್ಚರ ಆಗದಿದ್ದರೆ, ಅದರ ಬೆನ್ನಿನಲ್ಲಿ ಒಂದು ಸಣ್ಣ ತೂತು ಇರುತ್ತದೆ. ಕನ್ಸೋಲ್ ಆಫ್ ಇರುವಾಗ ಸಿಮ್ ತೆಗೆಯುವ ಪಿನ್ ಅಥವಾ ಬಿಡಿಸಿದ ಪೇಪರ್ ಕ್ಲಿಪ್‌ನಿಂದ ಆ ತೂತಿನೊಳಗಿನ ಬಟನ್ ಅನ್ನು ಐದು ಸೆಕೆಂಡ್ ಒತ್ತಿದರೆ ಕಂಟ್ರೋಲರ್ ರೀಸೆಟ್ ಆಗುತ್ತದೆ. ಆಮೇಲೆ ಕೇಬಲ್ ಹಾಕಿ ಮತ್ತೆ ಜೋಡಿಸಬೇಕು.

ಈಗ ಅಸಲಿ ಪರೀಕ್ಷೆ. ಕಂಟ್ರೋಲರ್ ನಡುವಿನ ಸಿಸ್ಟಮ್ ಬಟನ್ ಒತ್ತಿ: ಪ್ಲೇಸ್ಟೇಷನ್‌ನಲ್ಲಿ ಪಿಎಸ್ ಬಟನ್, ಎಕ್ಸ್‌ಬಾಕ್ಸ್‌ನಲ್ಲಿ ಹೊಳೆಯುವ ಎಕ್ಸ್‌ಬಾಕ್ಸ್ ಬಟನ್, ಸ್ವಿಚ್‌ನಲ್ಲಿ ಮನೆ ಚಿತ್ರದ ಹೋಮ್ ಬಟನ್. ಕನ್ಸೋಲ್‌ನ ಮೆನು ತೆರೆದುಕೊಂಡರೆ ಸಿಕ್ಕಿಹಾಕಿಕೊಂಡಿರುವುದು ಗೇಮ್ ಮಾತ್ರ, ಕನ್ಸೋಲ್ ಆರೋಗ್ಯವಾಗಿದೆ.

ಗೇಮ್ ನಿಂತರೂ ಮೆನು ಹೇಗೆ ತೆರೆಯುತ್ತದೆ ಅನ್ನುವುದಕ್ಕೆ ಕಾರಣ ಇದೆ. ಕನ್ಸೋಲ್ ತನ್ನ ಸಿಸ್ಟಮ್ ಕೆಲಸಕ್ಕೆ ಒಂದಿಷ್ಟು ಮೆಮೊರಿಯನ್ನು ಬೇರೆಯೇ ತೆಗೆದಿಟ್ಟುಕೊಂಡಿರುತ್ತದೆ. ಎಕ್ಸ್‌ಬಾಕ್ಸ್ ಸೀರೀಸ್ ಎಕ್ಸ್‌ನ 16 ಜಿಬಿ ಮೆಮೊರಿಯಲ್ಲಿ ಗೇಮ್‌ಗೆ ಸಿಗುವುದು 13.5 ಜಿಬಿ. ಉಳಿದ 2.5 ಜಿಬಿ ಸಿಸ್ಟಮ್‌ನದು, ಗೇಮ್ ಅದನ್ನು ಮುಟ್ಟುವ ಹಾಗಿಲ್ಲ. ಗೇಮ್ ಒಳಗೆ ಎಷ್ಟೇ ಗಲಾಟೆಯಾದರೂ ಸಿಸ್ಟಮ್ ತನ್ನ ಪಾಡಿಗೆ ತಾನು ಓಡುತ್ತಿರುತ್ತದೆ. ಆದ್ದರಿಂದಲೇ ಪರದೆ ನಿಂತ ತಕ್ಷಣ ಕರೆಂಟ್ ತೆಗೆಯುವುದು ಅನಗತ್ಯ ಒರಟುತನ.

ಬಟನ್ ಒತ್ತಿದ ಮೇಲೆ ಮೆನು ಬರಲು ಹತ್ತಿಪ್ಪತ್ತು ಸೆಕೆಂಡ್ ಹಿಡಿಯಬಹುದು. ಪಟಪಟ ಅಂತ ಹತ್ತು ಸಲ ಒತ್ತಬೇಡಿ. ಒತ್ತಿದ್ದೆಲ್ಲ ಸಾಲಾಗಿ ನಿಂತು, ಆಮೇಲೆ ಒಟ್ಟಿಗೆ ಕೆಲಸ ಮಾಡಿ ಮೆನು ತೆರೆದು ಮುಚ್ಚಿ ತೆರೆದು ತಲೆಕೆಡಿಸುತ್ತದೆ.

ಹೋಮ್ ಪರದೆಗೆ ಬಂದರೆ ಗೇಮ್ ಮುಚ್ಚಿದಂತಲ್ಲ

ಇದು ಬಹಳ ಜನಕ್ಕೆ ಗೊತ್ತಿರದ ವಿಷಯ. ಹೋಮ್‌ಗೆ ಬಂದಾಗ ಗೇಮ್ ಬರೀ ತಡೆದು ನಿಂತಿರುತ್ತದೆ. ಕೆಲವು ಗೇಮ್‌ಗಳು, ಅದರಲ್ಲೂ ಆನ್‌ಲೈನ್ ಗೇಮ್‌ಗಳು, ಹಿಂದೆ ಓಡುತ್ತಲೇ ಇರುತ್ತವೆ. ನೀವು ಮೆನು ನೋಡುತ್ತಿದ್ದರೂ ಅಲ್ಲಿ ನಿಮ್ಮ ಪಾತ್ರ ಏಟು ತಿನ್ನುತ್ತಿರುತ್ತದೆ. ಟಿವಿ ಆಫ್ ಮಾಡಿದರೂ ಅಷ್ಟೇ, ಕನ್ಸೋಲ್‌ಗೆ ಅದರ ಅರಿವೇ ಇರದಿರಬಹುದು. ‘ಗೇಮ್ ಮುಚ್ಚು’ ಅಂದಾಗ ಮಕ್ಕಳು ರಿಮೋಟ್ ಒತ್ತಿ ಎದ್ದು ಹೋಗುತ್ತಾರಲ್ಲ, ಆಗ ಕನ್ಸೋಲ್ ರಾತ್ರಿಯಿಡೀ ಬಿಸಿಯಾಗಿ ಕೂತಿದ್ದರೂ ಕೂತಿರಬಹುದು.

ಸ್ಲೀಪ್ ಅಥವಾ ರೆಸ್ಟ್ ಮೋಡ್‌ಗೆ ಹಾಕಿದಾಗಲೂ ಗೇಮ್ ಮುಚ್ಚುವುದಿಲ್ಲ. ನಿಂತಲ್ಲೇ ನಿದ್ದೆ ಹೋಗುತ್ತದೆ, ಎಬ್ಬಿಸಿದರೆ ಅಲ್ಲಿಂದಲೇ ಮುಂದುವರಿಯುತ್ತದೆ. ಒಬ್ಬರೇ ಆಡುವ ಗೇಮ್‌ಗೆ ಇದು ದೊಡ್ಡ ಅನುಕೂಲ, ಹಾಗಾಗಿ ದಿನಾ ಆಟ ಮುಗಿದ ಮೇಲೆ ಗೇಮ್ ಮುಚ್ಚಲೇಬೇಕು ಅಂತ ನಾನು ಹೇಳುವುದಿಲ್ಲ. ಮುಚ್ಚಬೇಕಾದ್ದು ಗೇಮ್ ತಡವರಿಸುತ್ತಿದ್ದಾಗ, ಅಪ್‌ಡೇಟ್ ಹಾಕಬೇಕಾದಾಗ, ಆನ್‌ಲೈನ್ ಗೇಮ್ ಆಡಿ ಮುಗಿಸಿದಾಗ ಮತ್ತು ದಿನಗಟ್ಟಲೆ ಒಂದೇ ಗೇಮ್ ಅನ್ನು ಮಲಗಿಸಿ ಎಬ್ಬಿಸಿ ಆಡುತ್ತಿರುವಾಗ. ಹಾಗೆ ದಿನಗಟ್ಟಲೆ ಮುಚ್ಚದೇ ಓಡಿಸಿದರೆ ಕೆಲವು ಗೇಮ್‌ಗಳು ಬಳಸಿ ಮುಗಿದ ಮೆಮೊರಿಯನ್ನು ವಾಪಸ್ ಕೊಡದೆ ತುಂಬಿಕೊಳ್ಳುತ್ತಾ ಹೋಗಿ, ಕೊನೆಗೆ ಕುಸಿದು ಬೀಳುತ್ತವೆ.

ಗೇಮ್ ಇನ್ನೂ ಓಡುತ್ತಿದ್ದರೆ ಮುಚ್ಚುವ ಮೊದಲು ಅದರ ಒಳಗಿನ ಮೆನುವಿಗೆ ಹೋಗಿ ಸೇವ್ ಮಾಡಿ. ಕನ್ಸೋಲ್ ಮೆನುವಿನಿಂದ ಮುಚ್ಚಿದರೆ ಸೇವ್ ಆಗದ ಆಟ ಹೋದ ಹಾಗೇ. ಹ್ಯಾಂಗ್ ಆದ ಗೇಮ್‌ನಲ್ಲಿ ಈ ಆಯ್ಕೆ ಇಲ್ಲ. ಕೊನೆಯ ಆಟೋಸೇವ್ ಎಲ್ಲಿತ್ತೋ ಅಲ್ಲಿಂದಲೇ ಶುರು.

ಪಿಎಸ್ 5 ಮತ್ತು ಪಿಎಸ್ 4

ಪಿಎಸ್ 5ರಲ್ಲಿ ಹೀಗೆ ಮಾಡಿ:

1. ಪಿಎಸ್ ಬಟನ್ ಅನ್ನು ಒತ್ತಿ ಹಿಡಿದುಕೊಳ್ಳಿ. ಹೋಮ್ ಪರದೆ ಬರುತ್ತದೆ. ಒಮ್ಮೆ ಒತ್ತಿ ಬಿಟ್ಟರೆ ಬರುವುದು ಕೆಳಗಡೆಯ ಕಂಟ್ರೋಲ್ ಸೆಂಟರ್ ಪಟ್ಟಿ, ಅದು ಬೇರೆ.
2. ಗೇಮ್‌ನ ಚಿತ್ರದ ಮೇಲೆ ಹೋಗಿ ನಿಲ್ಲಿ. ಎಕ್ಸ್ ಬಟನ್ ಒತ್ತಬೇಡಿ, ಒತ್ತಿದರೆ ಗೇಮ್ ಮತ್ತೆ ಎದುರಿಗೆ ಬರುತ್ತದೆ.
3. ಆಪ್ಷನ್ಸ್ ಬಟನ್ ಒತ್ತಿ. ಟಚ್‌ಪ್ಯಾಡ್‌ನ ಬಲಗಡೆ ಮೂರು ಗೆರೆಗಳಿರುವ ಸಣ್ಣ ಬಟನ್ ಅದು.
4. ಬಂದ ಪಟ್ಟಿಯಲ್ಲಿ ‘ಕ್ಲೋಸ್ ಗೇಮ್’ ಆರಿಸಿ.

ಹ್ಯಾಂಗ್ ಆದ ಗೇಮ್ ಈ ಕೊನೆಯ ಹೆಜ್ಜೆಯಲ್ಲಿ ಸ್ವಲ್ಪ ಸತಾಯಿಸುತ್ತದೆ. ಮುಚ್ಚುತ್ತಿರುವ ಗುರುತು ಸುತ್ತುತ್ತಲೇ ಇದ್ದರೆ ಒಂದು ನಿಮಿಷ ಬಿಡಿ. ಇನ್ನೊಂದು ಸುಲಭದ ದಾರಿಯೂ ಇದೆ: ಬೇರೆ ಯಾವುದಾದರೂ ಗೇಮ್ ತೆರೆಯಿರಿ. ಪಿಎಸ್ 5ರಲ್ಲಿ ಒಂದು ಹೊತ್ತಿಗೆ ಒಂದೇ ಗೇಮ್ ಓಡುವುದರಿಂದ ಮೊದಲಿನದನ್ನು ಮುಚ್ಚಲೇ ಎಂದು ಅದೇ ಕೇಳುತ್ತದೆ.

ಪಿಎಸ್ 4ರಲ್ಲಿ ಪಿಎಸ್ ಬಟನ್ ಹಿಡಿದರೆ ಎಡಗಡೆ ಕ್ವಿಕ್ ಮೆನು ಬರುತ್ತದೆ. ಅದರಲ್ಲೇ ‘ಕ್ಲೋಸ್ ಅಪ್ಲಿಕೇಶನ್’ ಇದೆ. ಹೋಮ್ ಪರದೆಯಲ್ಲಿ ಗೇಮ್ ಮೇಲೆ ನಿಂತು ಆಪ್ಷನ್ಸ್ ಒತ್ತಿದರೂ ಅದೇ ಸಿಗುತ್ತದೆ.

ಕೆಲವು ಸಲ ಗೇಮ್ ತಾನಾಗೇ ಕುಸಿದು ಹೋಮ್‌ಗೆ ಬಂದುಬಿಡುತ್ತದೆ, ಜೊತೆಗೆ ಒಂದು ದೋಷದ ಸಂಖ್ಯೆ ತೋರಿಸುತ್ತದೆ. ಪಿಎಸ್ 4ರಲ್ಲಿ ಪದೇ ಪದೇ ಕಾಣುವುದು ಸಿಇ-34878-0, ಪಿಎಸ್ 5ರಲ್ಲಿ ಸಿಇ-108255-1. ಎರಡೂ ಹೇಳುವುದು ಒಂದೇ, ಗೇಮ್ ಒಳಗೆ ಏನೋ ಎಡವಟ್ಟಾಗಿದೆ ಅಂತ. ಒಂದು ಸಲ ಬಂದರೆ ತಲೆಕೆಡಿಸಿಕೊಳ್ಳಬೇಡಿ. ಮತ್ತೆ ಮತ್ತೆ ಬಂದರೆ ಕೊನೆಯ ಭಾಗ ಓದಿ.

ಎಕ್ಸ್‌ಬಾಕ್ಸ್: ಕ್ವಿಟ್ ಮಾಡದೆ ಬಿಟ್ಟರೆ ಸಮಸ್ಯೆ ಬಿಡುವುದಿಲ್ಲ

ಎಕ್ಸ್‌ಬಾಕ್ಸ್ ಬಟನ್ ಒಮ್ಮೆ ಒತ್ತಿ. ಎಡಗಡೆಯಿಂದ ಗೈಡ್ ತೆರೆಯುತ್ತದೆ. ಅಲ್ಲಿ ಗೇಮ್ ಹೆಸರಿನ ಮೇಲೆ ನಿಂತು ಮೆನು ಬಟನ್ ಒತ್ತಿ, ‘ಕ್ವಿಟ್’ ಆರಿಸಿ. ಕಂಟ್ರೋಲರ್ ನಡುವೆ ಎರಡು ಸಣ್ಣ ಬಟನ್ ಅಕ್ಕಪಕ್ಕ ಇರುತ್ತವೆ. ಮೂರು ಗೆರೆ ಇರುವ ಬಲಗಡೆಯದು ಮೆನು. ಒಂದರ ಮೇಲೊಂದು ಚೌಕ ಇರುವ ಎಡಗಡೆಯದು ವ್ಯೂ, ಅದರಿಂದ ಕೆಲಸ ಆಗುವುದಿಲ್ಲ. ಹೋಮ್ ಪರದೆಯಲ್ಲಿ ಗೇಮ್‌ನ ಚಿತ್ರದ ಮೇಲೆ ನಿಂತು ಮೆನು ಒತ್ತಿದರೂ ಇದೇ ‘ಕ್ವಿಟ್’ ಬರುತ್ತದೆ. ಪಟ್ಟಿಯಲ್ಲಿ ‘ಕ್ವಿಟ್’ ಇಲ್ಲವೇ ಇಲ್ಲ ಅಂದರೆ ಗೇಮ್ ಆಗಲೇ ಮುಚ್ಚಿದೆ ಎಂದರ್ಥ.

ಈಗ ಸೀರೀಸ್ ಎಕ್ಸ್ ಮತ್ತು ಎಸ್ ಇರುವವರು ಸ್ವಲ್ಪ ಗಮನ ಕೊಡಿ. 2020ರಲ್ಲಿ ಬಂದ ಈ ಎರಡು ಕನ್ಸೋಲ್‌ಗಳಲ್ಲಿ ಕ್ವಿಕ್ ರೆಸ್ಯೂಮ್ ಅನ್ನುವ ಸೌಲಭ್ಯ ಇದೆ. ನೀವು ಒಂದು ಗೇಮ್‌ನಿಂದ ಇನ್ನೊಂದಕ್ಕೆ ಹೋದಾಗ ಮೊದಲ ಗೇಮ್ ಇದ್ದ ಸ್ಥಿತಿಯನ್ನು ಹಾಗೇ ಎಸ್‌ಎಸ್‌ಡಿಗೆ, ಅಂದರೆ ಕನ್ಸೋಲ್‌ನ ಒಳಗಿನ ಸ್ಟೋರೇಜ್‌ಗೆ, ಬರೆದಿಡುತ್ತದೆ. ವಾಪಸ್ ಬಂದಾಗ ಮೊದಲಿನ ಲೋಗೊ, ಮೆನು ಏನೂ ಇಲ್ಲದೆ ಸೀದಾ ಬಿಟ್ಟ ಜಾಗದಲ್ಲೇ ನಿಲ್ಲಿಸುತ್ತದೆ. ಹೀಗೆ ಒಂದಕ್ಕಿಂತ ಜಾಸ್ತಿ ಗೇಮ್‌ಗಳನ್ನು ಇಟ್ಟುಕೊಳ್ಳುತ್ತದೆ.

ಎಡವಟ್ಟು ಇಲ್ಲೇ. ಎಸ್‌ಎಸ್‌ಡಿಯಲ್ಲಿ ಬರೆದಿಟ್ಟ ಸ್ಥಿತಿ ಕನ್ಸೋಲ್ ರೀಸ್ಟಾರ್ಟ್ ಮಾಡಿದರೂ ಹೋಗುವುದಿಲ್ಲ, ಪ್ಲಗ್ ಕಿತ್ತರೂ ಹೋಗುವುದಿಲ್ಲ. ಗೇಮ್ ಅರೆಬರೆ ಕೆಟ್ಟ ಸ್ಥಿತಿಯಲ್ಲೇ ಬರೆದಿಟ್ಟಿದ್ದರೆ, ರೀಸ್ಟಾರ್ಟ್ ಆದ ಮೇಲೂ ಅದೇ ಕೆಟ್ಟ ಸ್ಥಿತಿ ವಾಪಸ್ ಬರುತ್ತದೆ. ಸದ್ದು ಇಲ್ಲದ ಗೇಮ್‌ಗೆ ಸದ್ದು ಬರುವುದಿಲ್ಲ, ಸರ್ವರ್ ಸಂಪರ್ಕ ತಪ್ಪಿದ ಗೇಮ್ ಮತ್ತೆ ಸಂಪರ್ಕ ಹಿಡಿಯುವುದಿಲ್ಲ. ‘ಮೂರು ಸಲ ರೀಸ್ಟಾರ್ಟ್ ಮಾಡಿದೆ, ಏನೂ ಆಗ್ಲಿಲ್ಲ’ ಅಂತ ದೂರುವವರಲ್ಲಿ ಎಷ್ಟೋ ಮಂದಿ ಮಾಡದೇ ಬಿಟ್ಟಿರುವುದು ಈ ‘ಕ್ವಿಟ್’ ಒಂದನ್ನೇ. ಗೇಮ್ ತೆರೆಯುವಾಗ ಪರದೆಯ ಮೂಲೆಯಲ್ಲಿ ಕ್ವಿಕ್ ರೆಸ್ಯೂಮ್ ಅಂತ ಬಂದರೆ ಗೇಮ್ ಹೊಸದಾಗಿ ಶುರುವಾಗಿಲ್ಲ, ಹಳೆಯದೇ ಎದ್ದಿದೆ. ಆಗ ಗೈಡ್ ತೆರೆದು ಕ್ವಿಟ್ ಮಾಡಿ, ಆಮೇಲೆ ಮತ್ತೆ ಗೇಮ್ ತೆರೆಯಿರಿ.

ಆನ್‌ಲೈನ್ ಗೇಮ್‌ಗಳಿಗಂತೂ ಆಡಿ ಮುಗಿದ ಕೂಡಲೇ ಕ್ವಿಟ್ ಮಾಡುವ ಅಭ್ಯಾಸ ಇಟ್ಟುಕೊಳ್ಳಿ. ಮಲಗಿ ಎದ್ದ ಆನ್‌ಲೈನ್ ಗೇಮ್‌ಗೆ ಸರ್ವರ್ ಬಾಗಿಲು ತೆರೆಯುವುದಿಲ್ಲ.

ಎಕ್ಸ್‌ಬಾಕ್ಸ್ ಒನ್‌ನಲ್ಲಿ ಕ್ವಿಕ್ ರೆಸ್ಯೂಮ್ ಇಲ್ಲ, ಆದ್ದರಿಂದ ಈ ತಲೆನೋವೂ ಇಲ್ಲ. ಕ್ವಿಟ್ ಮಾಡುವ ರೀತಿ ಮಾತ್ರ ಅದೇ.

ಗೈಡ್ ಬರುತ್ತದೆ ಆದರೆ ಗೇಮ್ ಕ್ವಿಟ್ ಆಗುತ್ತಿಲ್ಲ ಅನ್ನುವಾಗ ಎಕ್ಸ್‌ಬಾಕ್ಸ್ ಬಟನ್ ಅನ್ನು ಕೆಲ ಸೆಕೆಂಡ್ ಒತ್ತಿ ಹಿಡಿಯಿರಿ. ಪವರ್ ಆಯ್ಕೆಗಳು ಬರುತ್ತವೆ. ‘ರೀಸ್ಟಾರ್ಟ್ ಕನ್ಸೋಲ್’ ಒತ್ತಿ. ಎದ್ದ ಮೇಲೆ ಮೊದಲು ಮಾಡಬೇಕಾದ್ದು, ಮತ್ತೆ ಹೇಳುತ್ತೇನೆ, ಆ ಗೇಮ್ ಮೇಲೆ ನಿಂತು ಮೆನು ಬಟನ್ ಒತ್ತಿ ‘ಕ್ವಿಟ್’ ಇದೆಯಾ ಅಂತ ನೋಡುವುದು.

ನಿಂಟೆಂಡೊ ಸ್ವಿಚ್ ಮತ್ತು ಸ್ವಿಚ್ 2

ಎಲ್ಲಕ್ಕಿಂತ ಸರಳ ಇದು. ಹೋಮ್ ಬಟನ್ ಒತ್ತಿ, ಗೇಮ್‌ನ ಚೌಕದ ಮೇಲೆ ನಿಂತು ಎಕ್ಸ್ ಬಟನ್ ಒತ್ತಿ, ‘ಕ್ಲೋಸ್’ ಆರಿಸಿ. ಇಲ್ಲಿಯೂ ಒಂದು ಹೊತ್ತಿಗೆ ಒಂದೇ ಗೇಮ್. ಇನ್ನೊಂದು ತೆರೆಯಲು ಹೋದರೆ ಮೊದಲಿನದನ್ನು ಮುಚ್ಚಬೇಕಾ ಅಂತ ಕೇಳುತ್ತದೆ.

ಮನೆಯಲ್ಲಿ ಇಬ್ಬರು ಮೂವರು ಒಂದೇ ಸ್ವಿಚ್ ಹಂಚಿಕೊಂಡರೆ ಒಂದು ವಿಷಯ ನೆನಪಿರಲಿ. ನಿಂತಿರುವ ಗೇಮ್ ಅನ್ನು ತೆರೆದರೆ ಅದು ಹಿಂದೆ ಆಡುತ್ತಿದ್ದವರ ಹೆಸರಿನಲ್ಲೇ ಮುಂದುವರಿಯುತ್ತದೆ. ತಂಗಿ ಬಿಟ್ಟು ಹೋದ ಆಟವನ್ನು ಅಣ್ಣ ಮುಂದುವರಿಸಿ ಸೇವ್ ಮಾಡಿದರೆ ಜಗಳ ಗ್ಯಾರಂಟಿ. ಮೊದಲು ಎಕ್ಸ್ ಒತ್ತಿ ಮುಚ್ಚಿ, ಆಮೇಲೆ ನಿಮ್ಮ ಹೆಸರು ಆರಿಸಿ ಶುರು ಮಾಡಿ.

ಗೇಮ್ ನಿಂತಿತು ಅಂತ ಕಾರ್ಟ್ರಿಜ್ ಎಳೆದು ತೆಗೆಯುವವರಿದ್ದಾರೆ. ಬೇಡ. ಹೋಮ್ ಕೆಲಸ ಮಾಡುತ್ತಿರುವಾಗ ಅದರ ಅಗತ್ಯವೇ ಇಲ್ಲ. ಕೆಲಸ ಮಾಡದಿದ್ದರೆ ಮುಂದಿನ ದಾರಿ ಇದೆ.

ಕನ್ಸೋಲೇ ಹ್ಯಾಂಗ್ ಆದರೆ

ಸಿಸ್ಟಮ್ ಬಟನ್‌ಗೆ ಉತ್ತರ ಇಲ್ಲ, ಕೇಬಲ್ ಹಾಕಿದ ಕಂಟ್ರೋಲರ್‌ಗೂ ಉತ್ತರ ಇಲ್ಲ, ಐದು ನಿಮಿಷ ಕಾದರೂ ಪರದೆ ಹಾಗೇ ಇದೆ. ಆಗ ಕನ್ಸೋಲ್ ಮೇಲಿನ ಪವರ್ ಬಟನ್ ಹಿಡಿದು ಆಫ್ ಮಾಡಬೇಕು. ಇದು ಕೂಡ ಒರಟು ಕ್ರಮವೇ, ಆದರೆ ಪ್ಲಗ್ ಕೀಳುವುದಕ್ಕಿಂತ ಎಷ್ಟೋ ಮೇಲು.

ಒಂದು ಎಚ್ಚರಿಕೆ. ಸಿಸ್ಟಮ್ ಸಾಫ್ಟ್‌ವೇರ್ ಅಪ್‌ಡೇಟ್ ನಡೆಯುತ್ತಿದ್ದರೆ ಇದನ್ನು ಮಾಡಲೇಬೇಡಿ. ಎಷ್ಟು ಹೊತ್ತಾದರೂ ಕಾಯಿರಿ. ಅಪ್‌ಡೇಟ್ ನಡುವೆ ಆಫ್ ಆದ ಕನ್ಸೋಲ್ ಮತ್ತೆ ಶುರುವಾಗದೇ ಹೋಗಬಹುದು.

ಪಿಎಸ್ 5ರಲ್ಲಿ ಪವರ್ ಬಟನ್ ಒಮ್ಮೆ ಒತ್ತಿ ಬಿಟ್ಟರೆ ಅದು ರೆಸ್ಟ್ ಮೋಡ್‌ಗೆ ಹೋಗುತ್ತದೆ, ದೀಪ ಕಿತ್ತಳೆ ಬಣ್ಣಕ್ಕೆ ತಿರುಗುತ್ತದೆ. ನಮಗೆ ಬೇಕಾದ್ದು ಅದಲ್ಲ. ದೀಪ ಪೂರ್ತಿ ಆರುವ ತನಕ ಒತ್ತಿ ಹಿಡಿಯಿರಿ. ಪಿಎಸ್ 4ರಲ್ಲಿ ಏಳು ಸೆಕೆಂಡಾದರೂ ಹಿಡಿಯಬೇಕು, ಎರಡನೇ ಬೀಪ್ ಕೇಳಿಸುತ್ತದೆ. ಆರಂಭದ ಪಿಎಸ್ 4ರಲ್ಲಿ ಒತ್ತುವ ಬಟನ್ ಇಲ್ಲ, ಬೆರಳು ತಾಗಿಸಿ ಹಿಡಿದರೆ ಸಾಕು. ಡಿಸ್ಕ್ ಹೊರಗೆ ಬಂತು ಅಂದರೆ ನೀವು ಪಕ್ಕದ ಇಜೆಕ್ಟ್ ಮುಟ್ಟಿದ್ದೀರಿ.

ಎಕ್ಸ್‌ಬಾಕ್ಸ್‌ನಲ್ಲಿ ಮುಂಭಾಗದ ಪವರ್ ಬಟನ್ ಅನ್ನು ಹತ್ತು ಸೆಕೆಂಡ್ ಹಿಡಿಯಿರಿ. ಪೂರ್ತಿ ಆಫ್ ಆದ ಮೇಲೆ ಮತ್ತೆ ಒತ್ತಿ ಆನ್ ಮಾಡಿ. ಕನ್ಸೋಲ್ ಶುರುವಾಗುವಾಗಿನ ಆನಿಮೇಶನ್ ಕಂಡರೆ ಸರಿಯಾಗಿ ಹೊಸದಾಗಿ ಎದ್ದಿದೆ.

ಸ್ವಿಚ್‌ನಲ್ಲಿ ಪವರ್ ಬಟನ್ ಮೇಲ್ಭಾಗದ ಎಡ ತುದಿಯಲ್ಲಿದೆ. ಟಿವಿಗೆ ಜೋಡಿಸುವ ಸ್ಟ್ಯಾಂಡ್ ಆದ ಡಾಕ್‌ನಲ್ಲಿದ್ದರೆ ಹೊರಗೆ ತೆಗೆದುಕೊಳ್ಳಿ. ಮೂರು ಸೆಕೆಂಡ್ ಹಿಡಿದಾಗ ಪವರ್ ಮೆನು ಬಂತೋ, ಒಳ್ಳೆಯದು, ಕನ್ಸೋಲ್ ಬದುಕಿದೆ. ಬಟನ್ ಬಿಟ್ಟು ಪವರ್ ಆಯ್ಕೆಗಳಲ್ಲಿ ರೀಸ್ಟಾರ್ಟ್ ಆರಿಸಿ. ಮೆನು ಬರದಿದ್ದರೆ ಬೆರಳು ತೆಗೆಯದೆ 12 ಸೆಕೆಂಡಿಗಿಂತ ಜಾಸ್ತಿ ಹಿಡಿಯಿರಿ. ಪರದೆ ಆರುತ್ತದೆ. ಕೆಲ ಸೆಕೆಂಡ್ ಬಿಟ್ಟು ಒಮ್ಮೆ ಒತ್ತಿದರೆ ಏಳುತ್ತದೆ.

ಪವರ್ ಬಟನ್‌ಗೂ ಜಗ್ಗದಿದ್ದರೆ ಆಗ ಪ್ಲಗ್. ಕಿತ್ತ ಮೇಲೆ ಕಡೇಪಕ್ಷ ಹತ್ತು ಸೆಕೆಂಡ್ ಬಿಡಿ, ನಾನು ಅರ್ಧ ನಿಮಿಷ ಬಿಡುತ್ತೇನೆ. ಎಕ್ಸ್‌ಬಾಕ್ಸ್‌ನ ಒಳಗಿನ ಪವರ್ ಸಪ್ಲೈ ರೀಸೆಟ್ ಆಗಲು ಆ ಹತ್ತು ಸೆಕೆಂಡ್ ಬೇಕು. ಯುಎಸ್‌ಬಿ ಡ್ರೈವ್ ಹಾಕಿದ್ದರೆ ಕನ್ಸೋಲ್ ಪೂರ್ತಿ ಆಫ್ ಆಗುವ ತನಕ ಅದನ್ನು ಎಳೆಯಬೇಡಿ.

ಮತ್ತೆ ಆನ್ ಮಾಡಿದ ಮೇಲೆ

ಪ್ಲೇಸ್ಟೇಷನ್ ಆಗಿದ್ದರೆ ಸರಿಯಾಗಿ ಆಫ್ ಆಗಲಿಲ್ಲ ಅಂತ ಗದರಿಸಿ, ಸ್ಟೋರೇಜ್ ಪರಿಶೀಲಿಸುತ್ತದೆ. ಅದನ್ನು ಅರ್ಧಕ್ಕೆ ನಿಲ್ಲಿಸಬೇಡಿ.

ಗೇಮ್ ತೆರೆದಾಗ ಸೇವ್ ಬಗ್ಗೆ ಪ್ರಶ್ನೆ ಬರಬಹುದು. ಕ್ಲೌಡ್ ಸೇವ್ ಸೌಲಭ್ಯ ಇದ್ದರೆ, ಸರಿಯಾಗಿ ಮುಚ್ಚಿದ ಗೇಮ್‌ನ ಸೇವ್ ಸಾಮಾನ್ಯವಾಗಿ ಕ್ಲೌಡ್‌ಗೆ, ಅಂದರೆ ಇಂಟರ್ನೆಟ್‌ನಲ್ಲಿರುವ ಸಂಗ್ರಹಕ್ಕೆ, ಹೋಗುತ್ತದೆ. ಕರೆಂಟ್ ತೆಗೆದು ಆಫ್ ಮಾಡಿದಾಗ ಅದಕ್ಕೆ ಪುರುಸೊತ್ತು ಸಿಕ್ಕಿರುವುದಿಲ್ಲ. ಹಾಗಾಗಿ ಕನ್ಸೋಲ್‌ನಲ್ಲಿ ಒಂದು ಸೇವ್, ಕ್ಲೌಡ್‌ನಲ್ಲಿ ಇನ್ನೊಂದು ಹಳೆಯ ಸೇವ್ ಇರುತ್ತದೆ, ಯಾವುದು ಬೇಕು ಅಂತ ಕೇಳುತ್ತದೆ. ಅವಸರದಲ್ಲಿ ಒತ್ತಬೇಡಿ. ಎರಡರ ದಿನಾಂಕ ಮತ್ತು ಸಮಯ ನೋಡಿ. ಸಾಮಾನ್ಯವಾಗಿ ಹೊಸದೇ ಬೇಕಾದ್ದು. ಹೊಸದು ಬರೆಯುವಾಗಲೇ ಹ್ಯಾಂಗ್ ಆಗಿತ್ತು ಅನ್ನುವ ಅನುಮಾನ ಇದ್ದರೆ ಮಾತ್ರ ಹಳೆಯದನ್ನು ನಂಬುವುದು ವಾಸಿ.

ಅದೇ ಗೇಮ್ ಮತ್ತೆ ಮತ್ತೆ ನಿಂತರೆ

ಇಲ್ಲಿ ಸ್ವಲ್ಪ ಪತ್ತೇದಾರಿ ಕೆಲಸ ಬೇಕು. ಯಾವಾಗ ನಿಲ್ಲುತ್ತದೆ ಅನ್ನುವುದೇ ಯಾಕೆ ನಿಲ್ಲುತ್ತದೆ ಅನ್ನುವುದಕ್ಕೆ ಸುಳಿವು.

ಪ್ರತಿ ಸಲ ಒಂದೇ ಜಾಗದಲ್ಲಿ, ಅದೇ ಬಾಗಿಲು ದಾಟುವಾಗ, ಅದೇ ದೃಶ್ಯ ಬರುವಾಗ ನಿಲ್ಲುತ್ತಿದ್ದರೆ ತಪ್ಪು ಗೇಮ್‌ನದು ಅಥವಾ ಆ ಸೇವ್‌ನದು. ಗೇಮ್‌ಗೆ ಅಪ್‌ಡೇಟ್ ಇದೆಯಾ ನೋಡಿ. ಇಲ್ಲದಿದ್ದರೆ ಒಂದೆರಡು ಹೆಜ್ಜೆ ಹಿಂದಿನ ಸೇವ್ ತೆರೆದು ಆಡಿ. ಒಂದೇ ಸೇವ್ ಮೇಲೆ ಮತ್ತೆ ಮತ್ತೆ ಬರೆಯುವ ಬದಲು ಎರಡು ಮೂರು ಜಾಗದಲ್ಲಿ ಸೇವ್ ಇಟ್ಟುಕೊಂಡಿದ್ದವರು ಇಲ್ಲಿ ಬಚಾವಾಗುತ್ತಾರೆ.

ಒಂದು ಗಂಟೆ ಚೆನ್ನಾಗಿ ಓಡಿ ಆಮೇಲೆ ಯಾವ ಗೇಮ್ ಆದರೂ ನಿಲ್ಲುತ್ತದಾ? ಫ್ಯಾನ್ ಸದ್ದು ಜೋರಾಗಿರುತ್ತದಾ? ಬಿಸಿಯೇ ಕಾರಣ ಇರಬಹುದು. ಕನ್ಸೋಲ್ ಅನ್ನು ಬಾಗಿಲು ಮುಚ್ಚಿದ ಟಿವಿ ಕಪಾಟಿನಿಂದ ಹೊರಗೆ ತನ್ನಿ. ಗಾಳಿ ಕಿಂಡಿಗಳಲ್ಲಿ ಧೂಳು ಕಟ್ಟಿದ್ದರೆ ಕನ್ಸೋಲ್ ಆಫ್ ಮಾಡಿ, ಪ್ಲಗ್ ತೆಗೆದು, ಹೊರಗಡೆಯಿಂದ ಸ್ವಚ್ಛ ಮಾಡಿ. ಸೀರೀಸ್ ಎಕ್ಸ್ ಬಿಸಿ ಗಾಳಿ ಬಿಡುವುದು ಮೇಲಿನಿಂದ, ಅದರ ತಲೆ ಮೇಲೆ ಏನನ್ನೂ ಇಡಬೇಡಿ. ಸ್ವಿಚ್‌ಗೂ ಕಿಂಡಿ ಮೇಲ್ಗಡೆಯೇ. ದಿಂಬಿಗೆ ಒರಗಿಸಿ ಆಡುವಾಗ ಅದು ಮುಚ್ಚಿಹೋಗುತ್ತದೆ.

ಹೊರಗಿನ ಡ್ರೈವ್‌ನಲ್ಲಿರುವ ಗೇಮ್‌ಗಳು ಮಾತ್ರ ನಿಲ್ಲುತ್ತವಾ? ಆಗ ಡ್ರೈವ್ ಅಥವಾ ಕೇಬಲ್ ಮೇಲೆ ಅನುಮಾನ. ಪಿಎಸ್ 5ರ ಗೇಮ್‌ಗಳು ಯುಎಸ್‌ಬಿ ಡ್ರೈವ್‌ನಿಂದ ಓಡುವುದೇ ಇಲ್ಲ, ಅಲ್ಲಿಂದ ಓಡುವುದು ಪಿಎಸ್ 4ರ ಗೇಮ್‌ಗಳು ಮಾತ್ರ. ಸೀರೀಸ್ ಎಕ್ಸ್ ಮತ್ತು ಎಸ್‌ಗೆಂದೇ ಮಾಡಿದ ಗೇಮ್‌ಗಳಿಗೂ ಇದೇ ನಿಯಮ. ಆದ್ದರಿಂದ ಹಳೆಯ ಗೇಮ್‌ಗಳಷ್ಟೇ ಕಾಟ ಕೊಡುತ್ತಿದ್ದರೆ ಒಂದನ್ನು ಒಳಗಿನ ಸ್ಟೋರೇಜ್‌ಗೆ ಸಾಗಿಸಿ ಆಡಿ ನೋಡಿ. ಸರಿಯಾಗಿ ಓಡಿದರೆ ಕಳ್ಳ ಸಿಕ್ಕ. ಸ್ವಿಚ್‌ನಲ್ಲಿ ಮೈಕ್ರೊಎಸ್‌ಡಿ ಕಾರ್ಡ್‌ಗೂ ಇದೇ ಪರೀಕ್ಷೆ.

ಡಿಸ್ಕ್ ಬಗ್ಗೆ ಜನ ಬೇಗ ಅನುಮಾನಪಡುತ್ತಾರೆ. ಈಗಿನ ಪ್ಲೇಸ್ಟೇಷನ್, ಎಕ್ಸ್‌ಬಾಕ್ಸ್‌ಗಳಲ್ಲಿ ಗೇಮ್ ಓಡುವುದು ಒಳಗೆ ಇನ್‌ಸ್ಟಾಲ್ ಆದ ಪ್ರತಿಯಿಂದ. ಡಿಸ್ಕ್ ಬೇಕಾಗುವುದು ಇನ್‌ಸ್ಟಾಲ್ ಮಾಡುವಾಗ ಮತ್ತು ಗೇಮ್ ನಿಮ್ಮದೇ ಅಂತ ಖಚಿತ ಮಾಡಿಕೊಳ್ಳಲು. ಇನ್‌ಸ್ಟಾಲ್ ಅರ್ಧಕ್ಕೆ ನಿಂತರೆ ಡಿಸ್ಕ್ ಒರೆಸಿ, ಮೆತ್ತನೆಯ ಬಟ್ಟೆಯಿಂದ, ನಡುವಿನಿಂದ ಅಂಚಿಗೆ ನೇರವಾಗಿ. ಆಟದ ನಡುವೆ ನಿಂತರೆ ಕಾರಣ ಬೇರೆ ಕಡೆ ಹುಡುಕಿ.

ಇಷ್ಟಾದರೂ ಸರಿಹೋಗದಿದ್ದರೆ ಫೈಲ್‌ಗಳನ್ನು ಪರಿಶೀಲಿಸುವ ಹಂತ. ಸ್ವಿಚ್‌ನಲ್ಲಿ ಗೇಮ್ ಮೇಲೆ ನಿಂತು ಪ್ಲಸ್ ಬಟನ್ ಒತ್ತಿ, ‘ಮ್ಯಾನೇಜ್ ಸಾಫ್ಟ್‌ವೇರ್’ ಒಳಗೆ ‘ಚೆಕ್ ಫಾರ್ ಕರಪ್ಟ್ ಡೇಟಾ’ ಆರಿಸಿ. ಕೆಟ್ಟದ್ದು ಸಿಕ್ಕರೆ ಮತ್ತೆ ಡೌನ್‌ಲೋಡ್ ಮಾಡಲು ಹೇಳುತ್ತದೆ. ಸ್ವಿಚ್‌ನ ಸೇವ್‌ಗಳು ಯಾವಾಗಲೂ ಕನ್ಸೋಲ್‌ನ ಒಳಗಿನ ಮೆಮೊರಿಯಲ್ಲೇ ಇರುತ್ತವೆ, ಕಾರ್ಡ್‌ನಲ್ಲಲ್ಲ. ಹಾಗಾಗಿ ಸಾಫ್ಟ್‌ವೇರ್ ಅಳಿಸಿ ಮತ್ತೆ ಹಾಕಿದರೂ ಸೇವ್ ಉಳಿಯುತ್ತದೆ.

ಪ್ಲೇಸ್ಟೇಷನ್‌ಗೆ ಸೇಫ್ ಮೋಡ್ ಇದೆ, ಅಂದರೆ ರಿಪೇರಿ ಆಯ್ಕೆಗಳಷ್ಟೇ ಇರುವ ಮೆನು. ಕನ್ಸೋಲ್ ಪೂರ್ತಿ ಆಫ್ ಮಾಡಿ. ಪವರ್ ಬಟನ್ ಒತ್ತಿ ಹಿಡಿಯಿರಿ, ಒಂದು ಬೀಪ್ ಆಗುತ್ತದೆ. ಬಿಡಬೇಡಿ. ಸುಮಾರು ಏಳು ಸೆಕೆಂಡ್ ನಂತರ ಎರಡನೇ ಬೀಪ್ ಬಂದಾಗ ಬಿಡಿ. ಕಂಟ್ರೋಲರ್ ಅನ್ನು ಕೇಬಲ್‌ನಿಂದ ಜೋಡಿಸಿ ಪಿಎಸ್ ಬಟನ್ ಒತ್ತಿ, ಇಲ್ಲಿ ವೈರ್‌ಲೆಸ್ ನಡೆಯುವುದಿಲ್ಲ. ಬರುವ ಪಟ್ಟಿಯಲ್ಲಿ ನಿಮಗೆ ಬೇಕಾದ್ದು ಐದನೆಯದು. ಪಿಎಸ್ 4ರಲ್ಲಿ ಅದು ‘ರೀಬಿಲ್ಡ್ ಡೇಟಾಬೇಸ್’. ಪಿಎಸ್ 5ರಲ್ಲಿ ಕ್ಯಾಶೆ (ತಾತ್ಕಾಲಿಕ ಫೈಲ್‌ಗಳು) ಅಳಿಸುವುದು ಮತ್ತು ಡೇಟಾಬೇಸ್ (ಕನ್ಸೋಲ್‌ನಲ್ಲಿ ಏನೇನಿದೆ ಅನ್ನುವ ಪಟ್ಟಿ) ಮರುಜೋಡಣೆ ಎರಡೂ ಅದರೊಳಗೇ ಇವೆ. ಮೊದಲು ಕ್ಯಾಶೆ, ಸಾಲದಿದ್ದರೆ ಡೇಟಾಬೇಸ್. ಇವೆರಡೂ ಗೇಮ್ ಅಳಿಸುವುದಿಲ್ಲ. ಆರು ಮತ್ತು ಏಳನೆಯದನ್ನು ಮಾತ್ರ ಮುಟ್ಟಬೇಡಿ, ಎರಡೂ ಕನ್ಸೋಲ್ ಅನ್ನು ಪೂರ್ತಿ ಖಾಲಿ ಮಾಡುತ್ತವೆ. ಸುಮ್ನೆ ಕುತೂಹಲಕ್ಕೆ ಒತ್ತಿ ನೋಡುವ ಜಾಗ ಅಲ್ಲ ಅದು.

ಎಕ್ಸ್‌ಬಾಕ್ಸ್‌ನಲ್ಲಿ ಮೊದಲು ಗೇಮ್ ಒಂದನ್ನೇ ಅನ್‌ಇನ್‌ಸ್ಟಾಲ್ ಮಾಡಿ ಮತ್ತೆ ಹಾಕಿ. ಎಲ್ಲ ಗೇಮ್‌ಗಳೂ ಕಾಡುತ್ತಿದ್ದರೆ ಸೆಟ್ಟಿಂಗ್ಸ್‌ನಲ್ಲಿ ಸಿಸ್ಟಮ್, ಅದರೊಳಗೆ ಕನ್ಸೋಲ್ ಇನ್ಫೋ, ಅಲ್ಲಿ ‘ರೀಸೆಟ್ ಕನ್ಸೋಲ್’. ಎರಡು ಬಗೆಯ ರೀಸೆಟ್ ಬರುತ್ತದೆ. ‘ರೀಸೆಟ್ ಅಂಡ್ ಕೀಪ್ ಮೈ ಗೇಮ್ಸ್ ಅಂಡ್ ಆ್ಯಪ್ಸ್’ ಎನ್ನುವುದನ್ನೇ ಆರಿಸಿ. ಸಿಸ್ಟಮ್ ಹೊಸದಾಗುತ್ತದೆ, ಗೇಮ್‌ಗಳು ಉಳಿಯುತ್ತವೆ. ಖಾತೆಗಳನ್ನು ಮತ್ತೆ ಸೈನ್ ಇನ್ ಮಾಡಬೇಕಾಗುತ್ತದೆ. ಸೇವ್‌ಗಳು ಕ್ಲೌಡ್‌ಗೆ ಹೋಗಿವೆಯಾ ಅಂತ ಮೊದಲೇ ಒಮ್ಮೆ ಇಂಟರ್ನೆಟ್ ಹಾಕಿ ಖಚಿತ ಮಾಡಿಕೊಳ್ಳಿ.

ಒಂದೂ ಗೇಮ್ ತೆರೆಯದೆ ಬರೀ ಹೋಮ್ ಪರದೆಯಲ್ಲೇ ಕನ್ಸೋಲ್ ನಿಲ್ಲುತ್ತಿದ್ದರೆ, ಅಥವಾ ಇಷ್ಟೆಲ್ಲ ಆದ ಮೇಲೂ ತಾನಾಗೇ ಆಫ್ ಆಗುತ್ತಿದ್ದರೆ, ಅದು ಹಾರ್ಡ್‌ವೇರ್ ಕೆಲಸ. ವಾರಂಟಿ ಇದ್ದರೆ ಮುಚ್ಚಳ ಬಿಚ್ಚಬೇಡಿ. ಯಾವ ಗೇಮ್, ಯಾವ ಹೊತ್ತು, ಯಾವ ದೋಷದ ಸಂಖ್ಯೆ ಬಂತು ಅಂತ ಬರೆದಿಟ್ಟುಕೊಂಡು, ಪರದೆಯ ಫೋಟೊ ತೆಗೆದುಕೊಂಡು ಸರ್ವಿಸ್‌ಗೆ ಕೊಡಿ. ರಿಪೇರಿಗೆ ಕಳಿಸಿದ ಕನ್ಸೋಲ್ ಖಾಲಿಯಾಗಿ ವಾಪಸ್ ಬರಬಹುದು, ಸೇವ್‌ಗಳನ್ನು ಅದಕ್ಕೂ ಮೊದಲೇ ಕ್ಲೌಡ್‌ಗೆ ಕಳಿಸಿಬಿಡಿ. ಪಿಎಸ್ 4 ಆದರೆ ಯುಎಸ್‌ಬಿ ಡ್ರೈವ್‌ಗೂ ಸೇವ್ ನಕಲು ಮಾಡಬಹುದು.